ಕಲಾದಗಿಯಿಂದ ಅರ್ಕಿಲ್ಲೆಗೆ: ಸಾಹೇಬರು ಸಂಸಾರ ಹೂಡಿದ ಅರಮನೆಗಳು

ವಿಜಯಪುರಕ್ಕೆ ಬಂದವರು ಗೋಳಗುಮ್ಮಟ ಏರಿ, ಇಬ್ರಾಹಿಂ ರೋಜಾ ನೋಡಿ, ಬಾರಾ ಕಮಾನಿನ ಮುಂದೆ ಫೋಟೊ ತೆಗೆಸಿಕೊಂಡು ಸಂಜೆಯ ಗಾಡಿಗೆ ಹೊರಟುಬಿಡುತ್ತಾರೆ. ಆದಿಲಶಾಹಿಗಳ ಊರು ನೋಡಿದ ಹಾಗಾಯಿತು. ಅದೇ ಗೋಡೆಗಳ ನಡುವೆ ಇನ್ನೊಂದು ಊರು ಅಡಗಿದೆ. ಬೇರೆ ಜಿಲ್ಲೆಗಳಲ್ಲಿ ಬ್ರಿಟಿಷ್ ಅಧಿಕಾರಿಗಳು ಊರ ಹೊರಗೆ ಹೊಸ ಬಂಗಲೆ ಕಟ್ಟಿಸಿಕೊಂಡರೆ, ಇಲ್ಲಿ ಅರಮನೆಗೆ ಬಾಗಿಲು ಕೂರಿಸಿ, ಗೋರಿಗೆ ಕಿಟಕಿ ಇಡಿಸಿ, ಅದರೊಳಗೇ ವಾಸ ಮಾಡಿದರು. ಆ ಮನೆಗಳನ್ನು ನೋಡಲು ಮೂರು ದಿನ ಸಾಕು. ಭಾನುವಾರ ಹೊರಡುವುದು ಒಳ್ಳೆಯದು. ಸೋಮವಾರ ಸರ್ಕಾರಿ ಕಚೇರಿಗಳು ತೆರೆದಿರುತ್ತವೆ, ಮಂಗಳವಾರ ವಸ್ತುಸಂಗ್ರಹಾಲಯ ಸಿಗುತ್ತದೆ. ಶುಕ್ರವಾರ ಅದಕ್ಕೆ ರಜೆ.

ನವೆಂಬರಿನಿಂದ ಫೆಬ್ರವರಿವರೆಗೆ ತಿರುಗಾಡಲು ಹಿತ. ಆದರೆ ಹಳೆಯ ಕಟ್ಟಡ ಎಲ್ಲಿ ಸೋರುತ್ತದೆ, ಯಾವ ಗೋಡೆ ನೀರು ಕುಡಿದಿದೆ ಎಂದು ನೋಡುವ ಆಸಕ್ತಿ ಇದ್ದರೆ ಸೆಪ್ಟೆಂಬರ್ ಕೊನೆಗೆ ಬನ್ನಿ. ಈ ಭಾಗದಲ್ಲಿ ಜೋರು ಮಳೆ ಬೀಳುವುದೇ ಆ ತಿಂಗಳು. ಒಂದು ಟಾರ್ಚು, ಐದು ಮೀಟರಿನ ಅಳತೆ ಪಟ್ಟಿ, ನೋಟ್ ಬುಕ್ಕು, ಎರಡು ಲೀಟರ್ ನೀರು ಚೀಲದಲ್ಲಿರಲಿ.

ಮೊದಲ ದಿನ: ಕಲಾದಗಿ

ಕಥೆ ಶುರುವಾಗುವುದು ವಿಜಯಪುರದಲ್ಲಲ್ಲ, ಬಾಗಲಕೋಟೆ ಜಿಲ್ಲೆಯ ಕಲಾದಗಿಯಲ್ಲಿ. ಬಾಗಲಕೋಟೆಯಿಂದ ಲೋಕಾಪುರದ ದಾರಿ ಹಿಡಿದರೆ ಇಪ್ಪತ್ತು ಚಿಲ್ಲರೆ ಕಿಲೋಮೀಟರು, ಘಟಪ್ರಭೆಯ ದಂಡೆ. ಇಂದು ಈ ಹೆಸರು ಕೇಳಿದ ಕೂಡಲೇ ಜನರಿಗೆ ನೆನಪಾಗುವುದು ಚಿಕ್ಕು, ದಾಳಿಂಬೆ. ಭೂಗರ್ಭಶಾಸ್ತ್ರ ಓದಿದವರಿಗೆ ನೆನಪಾಗುವುದು ‘ಕಲಾದಗಿ ಶಿಲಾಸಮೂಹ’, ಬಾದಾಮಿ ಕಡೆಯ ಬೆಟ್ಟಗಳವರೆಗೆ ಹಬ್ಬಿದ ಹಳೆಯ ಕಲ್ಲಿನ ಪದರಗಳಿಗೆ ಈ ಊರಿನದೇ ಹೆಸರು. 1885ರವರೆಗೆ ಇದು ಜಿಲ್ಲಾ ಕೇಂದ್ರವಾಗಿತ್ತು, ಜಿಲ್ಲೆಯ ಹೆಸರೂ ಕಲಾದಗಿಯೇ ಎಂಬುದು ಮಾತ್ರ ಅನೇಕರಿಗೆ ಗೊತ್ತಿಲ್ಲ. ಆಗ ವಿಜಯಪುರ ಇದೇ ಜಿಲ್ಲೆಗೆ ಸೇರಿದ, ಅರ್ಧ ಪಾಳುಬಿದ್ದ ಒಂದು ಊರು.

ಕಲಾದಗಿ ಕೈಬಿಟ್ಟದ್ದಕ್ಕೆ ದೊಡ್ಡ ಕಾರಣ ರೈಲು. 1876–78ರ ಬರ ಈ ಸೀಮೆಯನ್ನು ಹಣಿದುಹಾಕಿತ್ತು. ಕಾಳು ಬೇರೆ ಕಡೆ ಇದ್ದರೂ ಎತ್ತಿನ ಬಂಡಿಯಲ್ಲಿ ಇಲ್ಲಿಗೆ ಮುಟ್ಟಿಸುವುದು ಆಗಲಿಲ್ಲ. ಬಂಡಿ ಎಳೆಯಬೇಕಾದ ಎತ್ತುಗಳೇ ಮೇವಿಲ್ಲದೆ ಸತ್ತವು. ಆ ಬರದ ಪಾಠದ ಮೇಲೆ ಹಾಕಿದ ಮಾರ್ಗಗಳಲ್ಲಿ ಹೊಟಗಿ–ಗದಗ ಮೀಟರ್ ಗೇಜ್ ಒಂದು. 1882ರಲ್ಲಿ ಹುಟ್ಟಿದ ಸದರ್ನ್ ಮರಾಠಾ ರೈಲ್ವೆ ಅದನ್ನು ನಡೆಸಿತು. 1884ರ ಹೊತ್ತಿಗೆ ಹಳಿ ವಿಜಯಪುರ ಮುಟ್ಟಿತು, ಬಾಗಲಕೋಟೆಯನ್ನೂ ಹಾದುಹೋಯಿತು, ಕಲಾದಗಿಯನ್ನು ಪಕ್ಕಕ್ಕೆ ಬಿಟ್ಟಿತು. ಮರುವರ್ಷವೇ ಕಲೆಕ್ಟರ್ ಕಚೇರಿ ವಿಜಯಪುರಕ್ಕೆ ಎದ್ದುಹೋಯಿತು.

ಇಲ್ಲಿ ನಿಂತ ಬಂಗಲೆ ನೋಡುತ್ತೇನೆಂದು ಬರಬೇಡಿ. ಆಲಮಟ್ಟಿ ಹಿನ್ನೀರಿನ ಕಾರಣ ಊರಿನ ಒಂದು ಭಾಗವೇ ಸ್ಥಳಾಂತರವಾಗಿ ಹೊಸ ಕಲಾದಗಿ ಆಗಿದೆ. ಇಲ್ಲಿಗೆ ಬರುವುದು ಬಿಟ್ಟುಹೋದ ಜಾಗದ ವಿಸ್ತಾರ ತಿಳಿಯಲು, ಮತ್ತು ಆ ಕಾಲದ ಮಾಮೂಲಿ ಬಂಗಲೆ ಹೇಗಿರುತ್ತಿತ್ತು ಎಂಬ ನಕ್ಷೆಯನ್ನು ತಲೆಯಲ್ಲಿ ಕೂರಿಸಿಕೊಳ್ಳಲು. ಆ ನಕ್ಷೆ ಇಲ್ಲದೆ ನಾಳೆ ವಿಜಯಪುರದ ಒಳಕೋಟೆ ಅರ್ಕಿಲ್ಲೆಯಲ್ಲಿ ಕಣ್ಣಿಗೆ ಏನೂ ಬೀಳುವುದಿಲ್ಲ.

ಆ ನಕ್ಷೆ ಹೀಗೆ. ನೆಲದಿಂದ ಎರಡು-ಮೂರು ಅಡಿ ಎತ್ತರದ ಕಟ್ಟೆ, ಹುಳ-ಹುಪ್ಪಟೆ ಮತ್ತು ಮಳೆನೀರು ಒಳಗೆ ಬರದಂತೆ. ಸುತ್ತ ಎಂಟು-ಹತ್ತು ಅಡಿ ಅಗಲದ ಪಡಸಾಲೆ, ಗೋಡೆಗೆ ನೇರ ಬಿಸಿಲು ತಾಗದಂತೆ. ನಡುವೆ ಎತ್ತರದ ಹಾಲು, ಅದರ ಎರಡೂ ಕಡೆ ಮಲಗುವ ಕೋಣೆ. ಪ್ರತಿ ಮಲಗುವ ಕೋಣೆಗೂ ಒಂದು ಬಚ್ಚಲು, ಬಚ್ಚಲಿಗೆ ಹೊರಗಿನಿಂದ ಇನ್ನೊಂದು ಬಾಗಿಲು. ನಳ ಇಲ್ಲದ ಕಾಲ. ನೀರು ಹೊರುವವನು ಮನೆಯೊಳಗೆ ಕಾಲಿಡದೆ ಹಂಡೆ ತುಂಬಿ ಹೋಗಬೇಕು ಎಂಬುದು ಆ ಬಾಗಿಲಿನ ಲೆಕ್ಕ. ಅಡುಗೆಮನೆ ಬೇರೆಯೇ, ಹೊಗೆ ಮತ್ತು ಬೆಂಕಿಯ ಭಯಕ್ಕೆ ಹಿತ್ತಲಲ್ಲಿ ದೂರ. ಮೇಲೆ ಹೆಂಚು, ಹೆಂಚಿನ ಕೆಳಗೆ ದೂಳು ಬೀಳದಂತೆ ಬಿಳಿ ಬಟ್ಟೆಯ ಮೇಲ್ಕಟ್ಟು. ಗೋಡೆಯಲ್ಲಿ ಒಂದು ತೂತು, ಅದರಲ್ಲಿ ಹಗ್ಗ. ಹೊರಗೆ ಕುಳಿತವನು ಎಳೆದರೆ ಒಳಗೆ ಪಂಖಾ ಆಡುತ್ತದೆ.

ಕಟ್ಟೆ, ಪಡಸಾಲೆ, ಹೊರಬಾಗಿಲಿನ ಬಚ್ಚಲು, ಮೇಲ್ಕಟ್ಟಿನ ಕೊಕ್ಕೆ, ಪಂಖಾದ ತೂತು. ಈ ಐದನ್ನು ನೆನಪಿಟ್ಟುಕೊಳ್ಳಿ.

ಮಧ್ಯಾಹ್ನ ಬಾಗಲಕೋಟೆಗೆ ಮರಳಿ ವಿಜಯಪುರದ ರೈಲು ಹಿಡಿದರೆ ಆಲಮಟ್ಟಿ ಮೇಲೆ ಕೃಷ್ಣೆಯನ್ನು ದಾಟುತ್ತೀರಿ. ಈಗ ಬ್ರಾಡ್ ಗೇಜ್ ಆಗಿದೆ, ಆದರೆ ಜಿಲ್ಲಾ ಕೇಂದ್ರವನ್ನು ಎಳೆದೊಯ್ದ ಮಾರ್ಗ ಇದೇ. ರಸ್ತೆಯಲ್ಲಾದರೆ ಬೀಳಗಿ ಕಡೆಯಿಂದ ಕೊರ್ತಿ-ಕೊಲ್ಹಾರದ ಉದ್ದ ಸೇತುವೆ. ರಸ್ತೆಯ ದಾರಿಯಲ್ಲಿ ಒಂದು ಲಾಭವಿದೆ. ಕಲಾದಗಿ ಸುತ್ತ ಕೆಂಪು, ಬೂದು, ತಿಳಿ ಗುಲಾಬಿ ಕಲ್ಲು. ಹೊಳೆ ದಾಟಿ ಉತ್ತರಕ್ಕೆ ಹೋದಂತೆ ಕಪ್ಪು ಕಲ್ಲು, ಎರೆಭೂಮಿ. ಜ್ವಾಲಾಮುಖಿಯ ಲಾವಾ ಹೆಪ್ಪುಗಟ್ಟಿ ಆದ ಈ ಕಪ್ಪು ಕಲ್ಲಿನಿಂದಲೇ ವಿಜಯಪುರದ ಗೋಡೆಗಳು ಎದ್ದದ್ದು. ಎರೆಮಣ್ಣು ನೆನೆದರೆ ಉಬ್ಬುತ್ತದೆ, ಒಣಗಿದರೆ ಬಾಯಿ ಬಿಡುತ್ತದೆ. ಅದರ ಮೇಲೆ ಅಡಿಪಾಯ ಹಾಕಿದ ಮನೆ ಐದು ವರ್ಷಕ್ಕೆ ಬಿರುಕು ಕಾಣುತ್ತದೆ. ಆದಿಲಶಾಹಿ ಕಟ್ಟುಗಾರರು ಮಣ್ಣು ಕೆದಕಿ ಬಂಡೆಗೇ ಇಳಿದರು. ಗೋಳಗುಮ್ಮಟ ನಿಂತಿರುವುದು ನೇರ ಬಂಡೆಯ ಮೇಲೆ.

ಎರಡನೆಯ ದಿನ: ಅರ್ಕಿಲ್ಲೆ

ಊರ ನಡುವಿನ ಒಳಕೋಟೆಯೇ ಅರ್ಕಿಲ್ಲೆ. 1848ರಲ್ಲಿ ಸಾತಾರಾದ ರಾಜ ಮಕ್ಕಳಿಲ್ಲದೆ ತೀರಿಕೊಂಡಾಗ ಸಂಸ್ಥಾನ ಕಂಪನಿಯ ಕೈಗೆ ಹೋಯಿತು, ಅದರೊಂದಿಗೆ ವಿಜಯಪುರವೂ. ಹಾಗಾಗಿ 1885ರಲ್ಲಿ ಕಚೇರಿ ಬಂದಾಗ ಅರ್ಕಿಲ್ಲೆಯ ಪಾಳು ಅರಮನೆಗಳು ಸರ್ಕಾರದ ಸ್ವತ್ತೇ. ಹೊಸ ಬಂಗಲೆಗೆ ಜಾಗ ಕೊಳ್ಳಬೇಕು, ಕಲ್ಲು ಒಡೆಸಬೇಕು, ಮರ ತರಿಸಬೇಕು. ಇಲ್ಲಿ ಮೂರು-ನಾಲ್ಕು ಅಡಿ ದಪ್ಪದ ಗೋಡೆಗಳು ಸಿದ್ಧವಾಗಿ ನಿಂತಿದ್ದವು. ಏಪ್ರಿಲ್-ಮೇ ತಿಂಗಳಲ್ಲಿ ಉಷ್ಣಾಂಶ 40 ಡಿಗ್ರಿ ದಾಟುವ ಊರಿನಲ್ಲಿ ಅಂಥ ಗೋಡೆಗಿಂತ ಬೇರೆ ತಂಪು ಬೇಕಿಲ್ಲ.

ಬೆಳಿಗ್ಗೆ ಏಳಕ್ಕೆ ಗಗನ ಮಹಲಿನಿಂದ ಶುರು ಮಾಡಿ. 1561ರ ಅರಮನೆ, ನಡುವಿನ ಕಮಾನಿನ ಅಗಲ ಸುಮಾರು 18.5 ಮೀಟರ್. 1686ರಲ್ಲಿ ಸಿಕಂದರ್ ಆದಿಲ್ ಶಾ ಔರಂಗಜೇಬನ ಮುಂದೆ ಸೋತು ನಿಂತದ್ದು ಇಲ್ಲೇ. ಇಲ್ಲಿ ಯಾವ ಸಾಹೇಬನೂ ವಾಸ ಮಾಡಲಿಲ್ಲ, ಅದಕ್ಕಾಗಿಯೇ ಮೊದಲು ಇದನ್ನು ನೋಡಬೇಕು. ಒಳಗಿನ ಅಂತಸ್ತು, ಮಾಳಿಗೆ ಎಲ್ಲವೂ ಮರದ ತೊಲೆಗಳ ಮೇಲೆ ಇದ್ದವು. ಮರ ಹೋಯಿತು, ಅದರೊಂದಿಗೆ ಮಾಳಿಗೆಯೂ ಹೋಯಿತು, ಕಮಾನು ಮಾತ್ರ ಉಳಿಯಿತು. ಗೋಡೆಯ ಒಳಮೈಯಲ್ಲಿ ಸಾಲಾಗಿ ಕಾಣುವ ಚೌಕ ತೂತುಗಳು ತೊಲೆ ಕೂತಿದ್ದ ಗೂಡುಗಳು. ಅವುಗಳ ಎತ್ತರ ನೋಡಿ ಅಂತಸ್ತು ಎಲ್ಲಿತ್ತು ಎಂದು ಲೆಕ್ಕ ಹಾಕಬಹುದು. ಇದಕ್ಕೆ ಹೋಲಿಸಲು ಪೂರ್ವಕ್ಕಿರುವ ಅಸರ್ ಮಹಲ್ ನೋಡಿ. 1646ರದು, ಎತ್ತರದ ನಾಲ್ಕು ಸಾಗವಾನಿ ಕಂಬಗಳು ಇಂದಿಗೂ ನಿಂತಿವೆ. ಪವಿತ್ರ ಅವಶೇಷ ಇಟ್ಟ ಜಾಗವಾದ್ದರಿಂದ ಅಲ್ಲಿ ಜನರ ಓಡಾಟ ನಿಲ್ಲಲಿಲ್ಲ, ದೀಪ ಆರಲಿಲ್ಲ, ಸೋರಿದಾಗ ಯಾರೋ ಒಬ್ಬರು ಮಾಳಿಗೆ ಹತ್ತಿದರು.

ಹಳೆಯ ಕಟ್ಟಡದ ಆಯುಷ್ಯ ಹೆಚ್ಚಾಗಿ ಮಾಳಿಗೆ ಹತ್ತುವ ಮನುಷ್ಯನ ಮೇಲೆ ನಿಂತಿರುತ್ತದೆ. ಅರ್ಕಿಲ್ಲೆಯಲ್ಲಿ ಸಾಹೇಬರ ವಾಸವನ್ನು ಬರೀ ಹಾಳುಗೆಡವಿದ ಕಥೆಯಾಗಿ ಹೇಳುವುದನ್ನು ಒಪ್ಪಲಾಗದು. ಹಾಳು ಮಾಡಿದರು ನಿಜ, ಮಾಳಿಗೆಯನ್ನೂ ಕಾದರು.

ಆನಂದ ಮಹಲನ್ನು ಎರಡನೆಯ ಇಬ್ರಾಹಿಂ 1589ರಲ್ಲಿ ಕಟ್ಟಿಸಿದ. ಮುಂಭಾಗಕ್ಕೆ ಅಲಂಕಾರ ಮಾಡುವ ಯೋಜನೆ ಇತ್ತು, ಅದು ಮುಗಿಯಲೇ ಇಲ್ಲ. ಬ್ರಿಟಿಷರ ಕಾಲದಲ್ಲಿ ಇದು ಅಸಿಸ್ಟೆಂಟ್ ಕಲೆಕ್ಟರ್ ಮನೆ. ಅದರ ಹತ್ತಿರದ ಅರಶ್ ಮಹಲ್ ಸಿವಿಲ್ ಸರ್ಜನ್ನರದು. ಅದಾಲತ್ ಮಹಲ್ ಕಲೆಕ್ಟರರಿಗೆ ಸಂದಿತು. ಅದನ್ನಂತೂ ಬಹುಪಾಲು ಹೊಸದಾಗಿಯೇ ಕಟ್ಟಿಕೊಂಡರು. ಅಧಿಕಾರಿಗಳ ನಿವಾಸದ ಗೇಟಿನ ಬಳಿ ಕ್ಯಾಮೆರಾ ತೆಗೆಯಬೇಡಿ, ರಸ್ತೆಯಿಂದ ಕಂಡಷ್ಟು ಸಾಕು. ಬೇರೆ ಯಾವ ಕಟ್ಟಡದ ಒಳಗೆ ಹೋಗುವುದಿದ್ದರೂ ಬಾಗಿಲಲ್ಲಿ ಕುಳಿತವರಿಗೆ ‘ಯಜಮಾನ್ರ, ಒಳಗ ನೋಡಬಹುದೇನ್ರಿ?’ ಎಂದು ಕೇಳಿ. ಹೂಂ ಅಂದರೆ ಒಳಗೆ, ಇಲ್ಲ ಅಂದರೆ ಹೊರಗೇ ಒಂದು ಸುತ್ತು.

ಚೀನಿ ಮಹಲ್ ಅರ್ಕಿಲ್ಲೆಯ ನೈಋತ್ಯದಲ್ಲಿದೆ. ನೆಲ ಅಗೆದಾಗ ಒಡೆದ ಚೀನಿ ಪಿಂಗಾಣಿಯ ಚೂರುಗಳು ರಾಶಿ ಸಿಕ್ಕಿದ್ದರಿಂದ ಆ ಹೆಸರು. ಇದು ಮನೆಯಾಗದೆ ಕಚೇರಿಯಾಯಿತು, ಇಂದಿಗೂ ಸರ್ಕಾರಿ ಕಚೇರಿಗಳ ಜಾಗ. ಸೋಮವಾರವೇ ಇಲ್ಲಿಗೆ ಬರಬೇಕೆಂದದ್ದು ಇದಕ್ಕೆ. ಫೈಲಿನ ಕಪಾಟುಗಳ ಹಿಂದೆ ಗೋಡೆ ಎಷ್ಟು ಮೇಲಕ್ಕೆ ಹೋಗುತ್ತದೆ ಎಂದು ತಲೆ ಎತ್ತಿ ನೋಡಿ.

ಅರಮನೆಯೊಂದು ಬಂಗಲೆಯಾದದ್ದು ಗೋಡೆಯ ಮೇಲೆ ಎಲ್ಲಿ ಕಾಣುತ್ತದೆ? ಮೊದಲು ಕಮಾನುಗಳನ್ನು ನೋಡಿ. ಆದಿಲಶಾಹಿ ಕಮಾನು ತೆರೆದ ಬಾಯಿಯದು, ಬಾಗಿಲಿಗೆಂದು ಮಾಡಿದ್ದಲ್ಲ. ಅದರಲ್ಲಿ ಬಾಗಿಲು ಬೇಕಾದರೆ ಕಮಾನಿನ ತುಂಬ ಇಟ್ಟಿಗೆ ಕಟ್ಟಿ, ನಡುವೆ ಚೌಕ ಚೌಕಟ್ಟು ಕೂರಿಸಿ, ಮೇಲೆ ಗಾಳಿಗೆ ಸಣ್ಣ ಕಿಟಕಿ ಬಿಡಬೇಕು. ಬಾಗಿದ ಕಮಾನು, ಒಳಗೆ ಚೌಕ ಬಾಗಿಲು ಕಂಡರೆ ಅದು ನಂತರದ ಕೆಲಸ. ಇಟ್ಟಿಗೆಯನ್ನು ಅಳೆಯಿರಿ. ಸುಮಾರು 9 ಇಂಚು ಉದ್ದ, 4½ ಇಂಚು ಅಗಲ, 3 ಇಂಚು ದಪ್ಪ ಇದ್ದರೆ ಅದು ಲೋಕೋಪಯೋಗಿ ಇಲಾಖೆಯ ಅಳತೆ. ಹಳೆಯ ಇಟ್ಟಿಗೆ ಅದಕ್ಕಿಂತ ತೆಳ್ಳಗೆ. ಹೀಗೆ ತುಂಬಿದ ಗೋಡೆ ಮತ್ತು ಕಲ್ಲು ಸೇರುವ ಗೆರೆಯಲ್ಲಿ ಒಂದು ಉದ್ದ ಬಿರುಕು ಸಾಮಾನ್ಯ. ಕಲ್ಲೂ ಇಟ್ಟಿಗೆಯೂ ಬಿಸಿಲಿಗೆ ಒಂದೇ ಸಮ ಹಿಗ್ಗುವುದಿಲ್ಲ, ಎರಡನ್ನೂ ಹಲ್ಲು ಹಾಕಿ ಬೆಸೆದೂ ಇರುವುದಿಲ್ಲ. ಆ ಬಿರುಕಿಗೆ ಹೆದರಬೇಕಿಲ್ಲ. ಕಮಾನಿನ ನೆತ್ತಿಯ ಕಲ್ಲಿನಲ್ಲೇ ಬಿರುಕು ಇದ್ದರೆ ಅದು ಬೇರೆ ಮಾತು, ಭಾರ ಜಾರುತ್ತಿದೆ ಎಂದರ್ಥ.

ಆಮೇಲೆ ಪಡಸಾಲೆ. ಅರಮನೆಗೆ ಹೊರಮುಖದ ಪಡಸಾಲೆ ಇರಲಿಲ್ಲ, ಸಾಹೇಬರಿಗೆ ಅದಿಲ್ಲದೆ ಆಗುತ್ತಿರಲಿಲ್ಲ. ಕಲ್ಲುಗೋಡೆಗೆ ಒರಗಿಸಿ ಮರದ ಕಂಬ, ಮೇಲೆ ಮಂಗಳೂರು ಹೆಂಚು. ಬಾಸೆಲ್ ಮಿಷನ್ನಿನವರು ಮಂಗಳೂರಿನಲ್ಲಿ ಹೆಂಚಿನ ಕಾರ್ಖಾನೆ ಹಾಕಿದ್ದು 1865ರಲ್ಲಿ. ಈ ಬಗೆಯ ಹೆಂಚು ಕಂಡ ಯಾವ ಪಡಸಾಲೆಯೂ ಅದಕ್ಕಿಂತ ಹಳೆಯದಾಗಿರಲು ಸಾಧ್ಯವಿಲ್ಲ. ಒಂದು ಚದರ ಮೀಟರಿಗೆ ಸುಮಾರು 15 ಹೆಂಚು, ಒಂದೊಂದು ಎರಡೂವರೆಯಿಂದ ಮೂರು ಕಿಲೋ, ಅಂದರೆ 40 ಕಿಲೋ ಭಾರ. ಮಳೆ ಕುಡಿದರೆ ಇನ್ನೂ ಹೆಚ್ಚು. ರೀಪುಗಳ ನಡುವೆ ಒಂದಡಿಗಿಂತ ಸ್ವಲ್ಪ ಹೆಚ್ಚು ಅಂತರ. ಇಳಿಜಾರು 25 ಡಿಗ್ರಿಗಿಂತ ಕಡಿಮೆಯಾದರೆ ಗಾಳಿಮಳೆಯಲ್ಲಿ ನೀರು ಹೆಂಚಿನ ಸಂದಿಯಿಂದ ಹಿಂದಕ್ಕೆ ಏರುತ್ತದೆ. ಕೆಡುವ ಜಾಗ ಮಾತ್ರ ಯಾವಾಗಲೂ ಒಂದೇ, ಹೆಂಚು ಹಳೆಯ ಗೋಡೆಗೆ ತಾಗುವ ಗೆರೆ. ಅಲ್ಲಿ ಸುಣ್ಣದ ಗಾರೆ ಮೆತ್ತಿರುತ್ತಾರೆ. ಮರ ಅಲುಗಿದಂತೆ ಗಾರೆ ಬಿರಿಯುತ್ತದೆ, ನೀರು ಗೋಡೆಯೊಳಗೆ ಇಳಿಯುತ್ತದೆ, ಎರಡು ಮಳೆಗಾಲದಲ್ಲಿ ಒಳಗೋಡೆಯ ಮೇಲೆ ಬಿಳಿ ಉಪ್ಪು ಹೂ ಬಿಡುತ್ತದೆ. ಪ್ರತಿ ಮೇ ತಿಂಗಳಲ್ಲಿ ಆ ಗೆರೆಯನ್ನು ಮತ್ತೆ ಮೆತ್ತಬೇಕಿತ್ತು. ಮೆತ್ತುವವರು ಇದ್ದಷ್ಟು ವರ್ಷ ಗೋಡೆ ಒಣಗಿತ್ತು.

ಇಲ್ಲಿ ಆದ ನಿಜವಾದ ಹಾನಿ ಬಿಳಿ ಸುಣ್ಣದ್ದು. ಆದಿಲಶಾಹಿ ಗಚ್ಚಿನ ಕೆಲಸದಲ್ಲಿ ಎಲೆ, ಬಳ್ಳಿ, ಪದಕದಂಥ ಚಿತ್ತಾರಗಳ ಅಂಚು ನೂಲಿನಷ್ಟು ಸಣ್ಣ. ವರ್ಷಕ್ಕೊಂದು ಕೈ ಸುಣ್ಣ ಬಳಿದರೆ ಮೂವತ್ತು ವರ್ಷಕ್ಕೆ ಮೂವತ್ತು ಪದರ. ಅಂಚು ಮೊಂಡಾಗುತ್ತದೆ, ಬಳ್ಳಿ ಹಗ್ಗದಂತೆ ದಪ್ಪವಾಗುತ್ತದೆ, ಕೊನೆಗೆ ಬರೀ ಉಬ್ಬು ಉಳಿಯುತ್ತದೆ. ಅದನ್ನು ತಂತಿ ಬ್ರಶ್ಶಿನಿಂದ ಉಜ್ಜಿದರೆ ಕೆಳಗಿನ ಗಚ್ಚೂ ಎದ್ದುಬರುತ್ತದೆ. ಒದ್ದೆ ಬಟ್ಟೆ ಒತ್ತಿ ಪದರ ಮೆತ್ತಗೆ ಮಾಡಿ, ಮರದ ಅಥವಾ ಮೂಳೆಯ ಚೂರಿಯಿಂದ ಅಂಗೈ ಅಗಲ ಅಂಗೈ ಅಗಲ ಬಿಡಿಸಬೇಕು. ಒಬ್ಬ ಕೆಲಸಗಾರ ದಿನಕ್ಕೆ ಒಂದು ಅಡಿ ಬಿಡಿಸಿದರೆ ದೊಡ್ಡದು.

ಸುಣ್ಣಕ್ಕಿಂತ ಕೆಟ್ಟದ್ದು ನಮ್ಮ ಕಾಲದ ಸಿಮೆಂಟು. ಸುಣ್ಣದ ಗಾರೆ ಉಸಿರಾಡುತ್ತದೆ; ಗೋಡೆ ಕುಡಿದ ನೀರು ಸಂದಿಯಿಂದಲೇ ಆರಿಹೋಗುತ್ತದೆ. ಸಂದಿಗೆ ಸಿಮೆಂಟು ತುಂಬಿದರೆ ನೀರಿಗೆ ದಾರಿ ತಪ್ಪಿ ಕಲ್ಲಿನ ಮೈಯಿಂದಲೇ ಹೊರಬೀಳುತ್ತದೆ, ಕಲ್ಲು ಈರುಳ್ಳಿ ಸಿಪ್ಪೆಯಂತೆ ಏಳುತ್ತದೆ. ಸಂದಿ ಬೂದುಬಣ್ಣಕ್ಕಿದ್ದು, ಸಂದಿಯ ಎರಡೂ ಕಡೆ ಕಲ್ಲು ಒಳಕ್ಕೆ ಸವೆದು, ಗಾರೆಯೇ ಹೊರಗೆ ಚಾಚಿ ನಿಂತಿದ್ದರೆ ಆ ರಿಪೇರಿ ಸಿಮೆಂಟಿನದು. ಸರಿಯಾದ ಕೆಲಸಕ್ಕೆ ಸುಣ್ಣವನ್ನು ಕನಿಷ್ಠ ಎರಡು ವಾರ ನೀರಲ್ಲಿ ಅರಳಿಸಿ, ಒಂದು ಪಾಲು ಸುಣ್ಣಕ್ಕೆ ಎರಡರಿಂದ ಮೂರು ಪಾಲು ಮರಳು ಮತ್ತು ಇಟ್ಟಿಗೆ ಪುಡಿ ಸೇರಿಸಿ, ಗಾಣದಲ್ಲಿ ಅರೆಯಬೇಕು. ಮೆತ್ತಿದ ಮೇಲೆ ಹತ್ತು-ಹದಿನಾಲ್ಕು ದಿನ ಒದ್ದೆ ಗೋಣಿಚೀಲ ಹೊದಿಸಬೇಕು. ಬಿಸಿಲಿಗೆ ಬೇಗ ಒಣಗಿದ ಸುಣ್ಣ ಬೆರಳಲ್ಲಿ ಉಜ್ಜಿದರೆ ಪುಡಿಯಾಗುತ್ತದೆ.

ಸಂಜೆಗೆ ಸಾತ್ ಮಂಜಿಲ್. 1583ರದು, ಏಳಂತಸ್ತು ಎಂಬುದು ಹೆಸರಿನಲ್ಲಿದೆ, ಈಗ ನಿಂತಿರುವುದು ಐದು. ಇಲ್ಲಿ ಹುಡುಕಬೇಕಾದದ್ದು ಗೋಡೆಯೊಳಗೆ ಹುದುಗಿದ ನೀರಿನ ಕೊಳವೆಗಳನ್ನು. ಮೇಲಿನ ಅಂತಸ್ತುಗಳಲ್ಲಿ ಸ್ನಾನದ ತೊಟ್ಟಿಗಳಿದ್ದವು. ಊರ ಹೊರಗಿನ ಕೆರೆಯಿಂದ ನೀರು ಮಣ್ಣಿನ ಕೊಳವೆಯಲ್ಲಿ ಬರುತ್ತಿತ್ತು, ನಡುನಡುವೆ ಗಂಜ್ ಎಂಬ ಗೋಪುರಗಳು. ಗಂಜಿನಲ್ಲಿ ನೀರು ಮೇಲೇರಿ ಇಳಿಯುವಾಗ ಒತ್ತಡ ತಗ್ಗಿ ಕೊಳವೆ ಒಡೆಯುವುದು ತಪ್ಪುತ್ತದೆ, ಕೆಸರು ಅದರ ತಳದಲ್ಲಿ ಕೂರುತ್ತದೆ. ನಿನ್ನೆಯ ಬಂಗಲೆಯ ಬಚ್ಚಲಿನ ಹೊರಬಾಗಿಲನ್ನು ಇಲ್ಲಿ ನೆನೆಸಿಕೊಳ್ಳಿ. ಆ ಬಂಗಲೆಗಿಂತ ಮುನ್ನೂರು ವರ್ಷ ಹಿಂದೆ ಈ ಮನೆಯಲ್ಲಿ ನೀರು ತಾನಾಗಿ ಮಹಡಿ ಏರುತ್ತಿತ್ತು.

ರಾತ್ರಿ ಊಟಕ್ಕೆ ಖಾನಾವಳಿ ಸಾಕು. ಬಿಸಿ ಜೋಳದ ರೊಟ್ಟಿ, ಝುಣಕ, ಶೇಂಗಾ ಹಿಂಡಿ, ಮೊಸರು.

ಮೂರನೆಯ ದಿನ: ಮಸೀದಿ ಮತ್ತು ಗುಮ್ಮಟ

ಬೆಳಿಗ್ಗೆ ಗೋಳಗುಮ್ಮಟ. ಮೇಲೆ ಹತ್ತಿ ಪಿಸುಮಾತು ಕೇಳುವುದಿದ್ದರೆ ಬಾಗಿಲು ತೆರೆದ ಕೂಡಲೇ ಹೋಗಿ. ಶಾಲೆಯ ಮಕ್ಕಳು ಬಂದ ಮೇಲೆ ಅಲ್ಲಿ ಪಿಸುಮಾತೇ ಇರುವುದಿಲ್ಲ. ನಮ್ಮ ಕೆಲಸ ಇರುವುದು ಕೆಳಗೆ, ಪಶ್ಚಿಮದ ಮಸೀದಿಯಲ್ಲಿ. ಅದು ಪ್ರವಾಸಿ ಬಂಗಲೆಯಾಗಿತ್ತು. ದೂರದಿಂದ ಗುಮ್ಮಟ ನೋಡಲು ಬಂದ ಅಧಿಕಾರಿಗಳು ಅಲ್ಲೇ ಇಳಿದು, ಅಲ್ಲೇ ಉಂಡು, ಮಲಗುತ್ತಿದ್ದರು. ನಮಾಜಿನ ಜಾಗದಲ್ಲಿ ಊಟದ ಮೇಜು ಹಾಕಿದ್ದು ಎಷ್ಟು ದೊಡ್ಡ ಅವಮಾನ ಎಂಬುದು ಬಹಳ ವರ್ಷ ಅಧಿಕಾರದಲ್ಲಿದ್ದವರಿಗೆ ತಟ್ಟಲಿಲ್ಲ. ವೈಸರಾಯ್ ಕರ್ಜನ್ 1900ರಲ್ಲಿ ವಿಜಯಪುರಕ್ಕೆ ಬಂದರು. 1904ರಲ್ಲಿ ಪ್ರಾಚೀನ ಸ್ಮಾರಕ ಸಂರಕ್ಷಣಾ ಕಾಯಿದೆಯ ಮೇಲೆ ಮಾತಾಡುವಾಗ, ವಿಜಯಪುರದ ಮಸೀದಿಯೊಂದರಿಂದ ಡಾಕ್ ಬಂಗಲೆಯನ್ನು, ಅಂದರೆ ಪ್ರವಾಸಿ ಬಂಗಲೆಯನ್ನು, ತೆರವು ಮಾಡಿಸಿದ್ದನ್ನು ತಾವು ಮಾಡಿದ ಕೆಲಸಗಳಲ್ಲಿ ಎಣಿಸಿದರು.

ಇಂಥ ತೆರವಿನಲ್ಲಿ ತುಂಬಿದ ಇಟ್ಟಿಗೆ ಒಡೆಯುತ್ತಾರೆ, ಚೌಕಟ್ಟು ಕೀಳುತ್ತಾರೆ. ಉಳಿಯುವುದು ಕಬ್ಬಿಣ. ಕಮಾನಿನ ಕಂಬಗಳ ಒಳಮೈಯನ್ನು ಮೊಣಕಾಲು, ಸೊಂಟ, ತಲೆಯ ಎತ್ತರದಲ್ಲಿ ಟಾರ್ಚು ಹಿಡಿದು ನೋಡುವುದು ಇದಕ್ಕೇ. ಚೌಕಟ್ಟು ಹಿಡಿಸಲು ಕಲ್ಲು ಕೊರೆದು ಹೊಡೆದ ಕಬ್ಬಿಣದ ತುಂಡಿನ ಸುತ್ತ ಕೆಂಪು ಕಲೆ ಇರುತ್ತದೆ. ತುಕ್ಕು ಹಿಡಿದ ಕಬ್ಬಿಣ ಮೊದಲಿಗಿಂತ ಹಲವು ಪಟ್ಟು ಜಾಗ ಕೇಳುತ್ತದೆ, ಒಳಗಿನಿಂದ ಕಲ್ಲನ್ನು ಸೀಳುತ್ತದೆ. ಸಾಹೇಬರು ಹೋಗಿ ನೂರು ವರ್ಷದ ಮೇಲೂ ಕಲ್ಲಿನ ಮೂಲೆ ಉದುರುವುದು ಇದರಿಂದ. ಹಾಗೆ ಸಿಕ್ಕ ತುಂಡನ್ನು ಎಳೆದು ಕೀಳಬಾರದು; ಸುತ್ತ ಸಣ್ಣ ತೂತುಗಳನ್ನು ಕೊರೆದು ಸಡಿಲ ಮಾಡಿ ತೆಗೆಯಬೇಕು. ಅರಳಿ ಗಿಡಕ್ಕೂ ಇದೇ ನಿಯಮ. ಬೆರಳಷ್ಟು ದಪ್ಪ ಇದ್ದಾಗಲೇ ತೆಗೆಯಬೇಕು, ಬೇರು ಗೋಡೆಯೊಳಗೆ ತೋಳಿನಷ್ಟಾದ ಮೇಲೆ ಎಳೆದರೆ ಅದರ ಜೊತೆ ಕಲ್ಲೂ ಬರುತ್ತದೆ.

ಗೋಳಗುಮ್ಮಟದ ಮುಂದಿರುವ ನಗಾರಖಾನೆಯಲ್ಲಿ, ಅಂದರೆ ನಗಾರಿ ಬಾರಿಸುತ್ತಿದ್ದ ಕಟ್ಟಡದಲ್ಲಿ, ವಸ್ತುಸಂಗ್ರಹಾಲಯ. 1892ರಲ್ಲಿ ಜಿಲ್ಲಾ ಸಂಗ್ರಹಾಲಯವಾಗಿ ಶುರುವಾದದ್ದು, 1982ರಲ್ಲಿ ಪುರಾತತ್ವ ಸರ್ವೇಕ್ಷಣಾ ಇಲಾಖೆಗೆ ಬಂತು. ಹಳೆಯ ಕಟ್ಟಡಕ್ಕೆ ಹೊಸ ಕೆಲಸ ಕೊಡುವುದಾದರೆ ಹೀಗೆ ಕೊಡಬೇಕು. ಬರುವ ಜನ ಹಗಲು ಬಂದು ಹೋಗುತ್ತಾರೆ, ಒಲೆ ಇಲ್ಲ, ಬಚ್ಚಲಿಲ್ಲ, ಗೋಡೆಗೆ ನೀರು ತಾಗುವುದಿಲ್ಲ.

ಮಧ್ಯಾಹ್ನದ ಬಿಸಿಲು ಇಳಿದ ಮೇಲೆ ಊರಿನ ನೈಋತ್ಯದ ಜೋಡ ಗುಮ್ಮಟಕ್ಕೆ ಹೋಗಿ. ಎರಡು ಗೋರಿಗಳು ಪಕ್ಕಪಕ್ಕ. ಚೌಕವಾದದ್ದು ಅಬ್ದುಲ್ ರಜಾಕ್ ಖಾದ್ರಿ ಅವರದು, ಇಂದಿಗೂ ಭಕ್ತರು ಬರುವ ದರ್ಗಾ. ಚಪ್ಪಲಿ ಬಿಟ್ಟು, ತಲೆಗೆ ವಸ್ತ್ರ ಹಾಕಿಕೊಂಡು ಹೋಗಬೇಕು. ಎಂಟು ಮೂಲೆಯದು ಆದಿಲಶಾಹಿ ಸೇನಾನಿ ಖಾನ್ ಮಹಮ್ಮದ್ ಮತ್ತು ಅವನ ಮಗ, ಮಂತ್ರಿ ಖವಾಸ್ ಖಾನ್‌ನದು. ಎಕ್ಸಿಕ್ಯೂಟಿವ್ ಇಂಜಿನಿಯರ್ ವಾಸ ಮಾಡಿದ್ದು ಈ ಎರಡನೆಯದರಲ್ಲಿ.

ಗೋರಿಯೊಂದು ಮನೆಯಾಗುವುದು ಎಷ್ಟು ಕಷ್ಟ ಎಂಬುದು ಒಳಗೆ ನಿಂತರೆ ತಿಳಿಯುತ್ತದೆ. ಎಂಟು ಮೂಲೆಯ ಕೋಣೆಯಲ್ಲಿ ಯಾವ ಮಂಚವೂ ಕಪಾಟೂ ಮೂಲೆಗೆ ಸರಿಯಾಗಿ ಕೂರುವುದಿಲ್ಲ, ಪ್ರತಿ ಮೂಲೆಯಲ್ಲೂ ತ್ರಿಕೋನ ಜಾಗ ವ್ಯರ್ಥ. ಮೇಲೆ ಗುಮ್ಮಟ; ಕೆಮ್ಮಿದರೂ ದನಿ ಮರಳುತ್ತದೆ, ಮಾತು ಮಾತಿನ ಮೇಲೆ ಬಿದ್ದು ಕಲಸಿಹೋಗುತ್ತದೆ. ಅದಕ್ಕೆ ಇದ್ದ ಮದ್ದು ಮೇಲ್ಕಟ್ಟು ಬಟ್ಟೆ: ದನಿಯನ್ನು ಅರ್ಧ ಹೀರುತ್ತದೆ, ಪಾರಿವಾಳದ ಹಿಕ್ಕೆ ತಡೆಯುತ್ತದೆ. ಕಿಟಕಿಗಳನ್ನು ಕಮಾನಿನ ಗೂಡುಗಳಲ್ಲಿ ಇಡಬೇಕು, 45 ಡಿಗ್ರಿ ತಿರುಗಿದ ಗೋಡೆಗಳಲ್ಲಿ ಗಾಳಿ ಎದುರುಬದುರು ಹಾಯುವಂತೆ ಲೆಕ್ಕ ಹಾಕಬೇಕು. ತಂಪಿನ ಮಟ್ಟಿಗೆ ಮಾತ್ರ ಇದಕ್ಕೆ ಸಮ ಬೇರೆ ಬಂಗಲೆ ಇಲ್ಲ. ಬಿಸಿ ಗಾಳಿ ಗುಮ್ಮಟದ ಮೇಲಕ್ಕೆ ಏರಿ ನಿಲ್ಲುತ್ತದೆ, ದಪ್ಪ ಗೋಡೆ ಹಗಲಿನ ಕಾವನ್ನು ರಾತ್ರಿಯವರೆಗೆ ಹೊರಗೇ ಹಿಡಿದಿಡುತ್ತದೆ.

ಹೊರಗೆ ಬಂದು ಕಟ್ಟೆಯ ಸುತ್ತ ಒಂದು ಸುತ್ತು ಹಾಕಿ. ಮೇಲಿನ ನೆಲ ಇಷ್ಟು ಎತ್ತರದಲ್ಲಿರುವುದಕ್ಕೆ ಕಾರಣ ಅದರ ಕೆಳಗಿನ ನೆಲಮಾಳಿಗೆ. ತಂದೆ-ಮಗನ ಸಮಾಧಿ ಇರುವುದು ಅಲ್ಲಿ, ನೆಲದ ಮಟ್ಟದಲ್ಲಿ. ಮಂಚ, ಮೇಜು, ಇಂಜಿನಿಯರರ ನಕ್ಷೆಗಳು ಎಲ್ಲವೂ ಅದರ ನೆತ್ತಿಯ ಮೇಲಿನ ಕಲ್ಲುಹಾಸಿನ ಮೇಲಿದ್ದವು, ಕೆಳಗಿನ ಬಾಗಿಲು ಅದರ ಪಾಡಿಗೆ ಬೇರೆ.